ಸಂದರ್ಶನ ಮುಗಿದ ಮೇಲೆ ಎಳೆದ ಗೆರೆ: ಒಂದು ಡಿಸಿಸಿ ಬ್ಯಾಂಕ್ ನೇಮಕಾತಿಯ ಕಥೆ

ಈ ಬರಹದ ಹುಡುಗಿಯನ್ನು ಶಾರದಾ ಎಂದು ಕರೆಯುತ್ತೇನೆ. ನಿಜವಾದ ಹೆಸರು ಅದಲ್ಲ. ಜಿಲ್ಲೆ, ಬ್ಯಾಂಕು, ನ್ಯಾಯಾಲಯದ ಪೀಠ ಯಾವುದನ್ನೂ ಹೇಳುವುದಿಲ್ಲ. ಗುರುತು ಸಿಗಬಾರದು ಅಂತ ಅಂಕಗಳನ್ನೂ ತುಸು ಬದಲಿಸಿದ್ದೇನೆ, ಲೆಕ್ಕದ ರೀತಿ ಮಾತ್ರ ಅದೇ. ನಾನು ಅವಳ ವಕೀಲ. ಅವಳ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಸಹಕಾರಿ ಬ್ಯಾಂಕಿನ ಪರೀಕ್ಷೆ ಬರೆದು, ಪಟ್ಟಿಯಲ್ಲಿ ಹೆಸರಿಲ್ಲದೆ, ಏನು ಮಾಡಬೇಕು ಅಂತ ತಿಳಿಯದೆ ಕೂತವರು ಪ್ರತಿ ಜಿಲ್ಲೆಯಲ್ಲೂ ಇದ್ದಾರೆ. ಅವರಿಗೆ ಇದರಿಂದ ಸ್ವಲ್ಪವಾದರೂ ದಾರಿ ಕಂಡರೆ ಸಾಕು.

ಹಿನ್ನೆಲೆ

ಡಿಸಿಸಿ ಬ್ಯಾಂಕಿನ, ಅಂದರೆ ಜಿಲ್ಲಾ ಕೇಂದ್ರ ಸಹಕಾರಿ ಬ್ಯಾಂಕಿನ ಕೆಲಸಕ್ಕೆ ನಮ್ಮ ಕಡೆ ಎಷ್ಟು ಬೆಲೆ ಇದೆ ಅಂತ ಹೊರಗಿನವರಿಗೆ ಬೇಗ ಅರ್ಥವಾಗುವುದಿಲ್ಲ. ರೈತರ ಬೆಳೆ ಸಾಲ ಬರುವುದು ಈ ಬ್ಯಾಂಕಿನಿಂದ. ಊರಿನ ಸೊಸೈಟಿ ನಡೆಯುವುದು ಇದರ ದುಡ್ಡಿನಲ್ಲಿ. ತಾಲ್ಲೂಕಿನ ದೊಡ್ಡ ಮುಖಂಡರು ನಿರ್ದೇಶಕರಾಗಿ ಕೂರುವುದು ಇದರ ಆಡಳಿತ ಮಂಡಳಿಯಲ್ಲಿ. ಹಾಗಾಗಿ ಅಲ್ಲಿ ಒಂದು ದ್ವಿತೀಯ ದರ್ಜೆ ಸಹಾಯಕರ ಹುದ್ದೆ ಸಿಕ್ಕರೂ ಮನೆಗೆ ಒಂದು ಗೌರವ ಬಂತು ಅಂತಲೇ ಜನ ನೋಡುತ್ತಾರೆ.

ಶಾರದಾ ಬಿಕಾಂ ಓದಿದವಳು. ಅಪ್ಪನಿಗೆ ನಾಲ್ಕು ಎಕರೆ ಹೊಲ. ಎರಡು ವರ್ಷ ಜಿಲ್ಲಾ ಗ್ರಂಥಾಲಯದಲ್ಲಿ ಕೂತು ಓದಿದ್ದಳು. ಬ್ಯಾಂಕಿನ ಅಧಿಸೂಚನೆ ಬಂದಾಗ ಅದರಲ್ಲಿ ಎಲ್ಲ ಸ್ಪಷ್ಟವಾಗಿತ್ತು. 200 ಅಂಕಗಳ ಲಿಖಿತ ಪರೀಕ್ಷೆ. ಕನ್ನಡಕ್ಕೆ 50, ಸಹಕಾರ ವಿಷಯಕ್ಕೆ 50, ಇಂಗ್ಲಿಷ್, ಸಾಮಾನ್ಯ ಜ್ಞಾನ, ಸಂವಿಧಾನ, ಬ್ಯಾಂಕಿನ ಚಟುವಟಿಕೆ ತಲಾ 25. ಈ 200ನ್ನು 85ಕ್ಕೆ ಇಳಿಸುತ್ತಾರೆ. ಸಂದರ್ಶನಕ್ಕೆ 15. ಒಂದು ಹುದ್ದೆಗೆ ಐವರಂತೆ ಸಂದರ್ಶನಕ್ಕೆ ಕರೆಯುತ್ತಾರೆ. ಎರಡೂ ಕೂಡಿಸಿ, ಮೀಸಲಾತಿ ವರ್ಗದ ಪ್ರಕಾರ ಪಟ್ಟಿ. ಇಷ್ಟೇ.

ಅವಳಿಗೆ ಲಿಖಿತದಲ್ಲಿ 148 ಬಂತು. 85ಕ್ಕೆ ಇಳಿಸಿದರೆ 62.9. ಸಂದರ್ಶನ ನಾಲ್ಕೈದು ನಿಮಿಷ ನಡೆಯಿತಂತೆ. ನಬಾರ್ಡ್ ಶುರುವಾದದ್ದು ಯಾವಾಗ ಅಂತ ಕೇಳಿದರು, 1982 ಅಂದಳು. ಮದುವೆ ಯಾವಾಗ ಅಂತಲೂ ಕೇಳಿದರು. ಅಂತಿಮ ಆಯ್ಕೆ ಪಟ್ಟಿ ಬಂದಾಗ ಅವಳ ಹೆಸರು ಇರಲಿಲ್ಲ. ಅವಳ ವರ್ಗದಲ್ಲಿ ಕೊನೆಯದಾಗಿ ಆಯ್ಕೆಯಾದವರಿಗೆ ಲಿಖಿತದಲ್ಲಿ ಬಂದದ್ದು 112, ಸಂದರ್ಶನದಲ್ಲಿ 13.5. ಒಟ್ಟು 61.1.

ಇಲ್ಲಿ ಒಂದು ನಿಮಿಷ ನಿಲ್ಲಬೇಕು. ಶಾರದಾಗೆ ಸಂದರ್ಶನದಲ್ಲಿ ಸೊನ್ನೆ ಕೊಟ್ಟಿದ್ದರೂ 62.9 ಇತ್ತು, ಅಲ್ವಾ? ಅಂದರೆ ಅಧಿಸೂಚನೆಯ ಲೆಕ್ಕದಲ್ಲಿ ಅವಳನ್ನು ಹೊರಗಿಡಲು ಸಾಧ್ಯವೇ ಇರಲಿಲ್ಲ. ಮತ್ತೆ ಹೇಗೆ ಹೊರಗಿಟ್ಟರು? ಬ್ಯಾಂಕಿಗೆ ಹೋಗಿ ಕೇಳಿದಾಗ ಒಬ್ಬರು ಬಾಯಿಮಾತಲ್ಲಿ ಹೇಳಿದರು, "ಸಂದರ್ಶನದಲ್ಲಿ ಕನಿಷ್ಠ ಅಂಕ ಬಂದಿಲ್ಲಮ್ಮ." ಕನಿಷ್ಠ ಅಂಕ ಎಂಬ ಮಾತನ್ನು ಅವಳು ಕೇಳಿದ್ದು ಅದೇ ಮೊದಲು.

ಮೊದಲ ಎರಡು ತಿಂಗಳು

ಅವಳು ನನ್ನ ಹತ್ತಿರ ಬರುವ ಹೊತ್ತಿಗೆ ಎರಡು ತಿಂಗಳು ಕಳೆದಿತ್ತು. ಆ ಎರಡು ತಿಂಗಳಲ್ಲಿ ಅವಳೂ ಅವಳ ಹಾಗೇ ಹೊರಗುಳಿದ ಇನ್ನು ನಾಲ್ವರೂ ಮಾಡಿದ್ದು ಮನವಿ ಕೊಡುವ ಕೆಲಸ. ಮಂತ್ರಿಗಳಿಗೆ, ಶಾಸಕರಿಗೆ, ಜಿಲ್ಲಾಧಿಕಾರಿಗೆ. ಪ್ರತಿ ಮನವಿಯಲ್ಲೂ ಒಂದೇ ಮಾತು: ದುಡ್ಡು ತಗೊಂಡು ಕೆಲಸ ಕೊಟ್ಟಿದ್ದಾರೆ. ಬ್ಯಾಂಕಿನ ಮುಂದೆ ಒಂದು ದಿನ ಧರಣಿಯೂ ಆಯಿತು. ಮನವಿಗಳು ಒಂದು ಕಚೇರಿಯಿಂದ ಇನ್ನೊಂದಕ್ಕೆ ಹೋಗಿ, "ನಿಯಮಾನುಸಾರ ಕ್ರಮಕ್ಕಾಗಿ" ಎಂಬ ಷರಾ ಹೊತ್ತು, ಕೊನೆಗೆ ಅದೇ ಬ್ಯಾಂಕಿಗೆ ವಾಪಸ್ ಬಂದವು.

ಮೊದಲ ದಿನವೇ ನಾನು ಅವಳಿಗೆ ಕೇಳಿದ್ದು, "ದುಡ್ಡು ಕೊಟ್ಟದ್ದಕ್ಕೆ ನಿನ್ನ ಹತ್ತಿರ ಏನಿದೆ?" ಏನೂ ಇರಲಿಲ್ಲ. ಊರಲ್ಲಿ ಎಲ್ಲರೂ ಹೇಳುತ್ತಿದ್ದರು, ಅಷ್ಟೇ. ಹಾಗಾದರೆ ಆ ಮಾತನ್ನು ಅರ್ಜಿಯಲ್ಲಿ ಬರೆಯುವುದು ಬೇಡ ಅಂದೆ. ಅವಳಿಗೆ ಬೇಜಾರಾಯಿತು. ಜೊತೆಗಿದ್ದ ಹುಡುಗರಿಗೆ ಸಿಟ್ಟೇ ಬಂತು. "ಮುಖ್ಯ ವಿಷಯಾನೇ ಬಿಟ್ಟರೆ ಕೇಸಲ್ಲಿ ಏನು ಉಳಿಯುತ್ತೆ ಸರ್?" ಅಂದರು. ಅವರ ಸಂಕಟ ನನಗೆ ಅರ್ಥವಾಗುತ್ತದೆ. ಆದರೆ ಲಂಚದ ಆರೋಪ ಮಾಡಿದರೆ ಅದನ್ನು ಸಾಬೀತು ಮಾಡುವ ಭಾರ ನಮ್ಮ ಮೇಲೆ. ರಿಟ್ ಅರ್ಜಿಯಲ್ಲಿ, ಅಂದರೆ ನೇರ ಹೈಕೋರ್ಟಿಗೆ ಹಾಕುವ ಅರ್ಜಿಯಲ್ಲಿ, ಸಾಕ್ಷಿಗಳನ್ನು ಕರೆಸಿ ವಿಚಾರಣೆ ಮಾಡುವುದು ಬಹಳ ಅಪರೂಪ. ವಿವಾದದ ಸಂಗತಿಗಳಿವೆ, ಬೇರೆ ಕಡೆ ಹೋಗಿ ಅಂತ ಅರ್ಜಿಯನ್ನೇ ವಾಪಸ್ ಕಳಿಸಬಹುದು. ಸಂದರ್ಶನದಲ್ಲಿ ಅವಳಿಗೆ 15ಕ್ಕೆ 6 ಕೊಟ್ಟದ್ದು ಸರಿಯೋ ತಪ್ಪೋ ಅನ್ನುವುದನ್ನೂ ಕೋರ್ಟು ಸಾಮಾನ್ಯವಾಗಿ ನೋಡುವುದಿಲ್ಲ. ಹಾಗಾಗಿ ನಮಗೆ ಉಳಿದದ್ದು ಒಂದೇ ಪ್ರಶ್ನೆ: ಅಧಿಸೂಚನೆಯಲ್ಲಿ ಇಲ್ಲದ ಕನಿಷ್ಠ ಅಂಕ ಎಲ್ಲಿಂದ ಬಂತು, ಯಾವ ದಿನ ಬಂತು?

ಈ ಪ್ರಕರಣದಲ್ಲಿ ನಾವು ತೆಗೆದುಕೊಂಡ ಮೊದಲ ಸರಿಯಾದ ತೀರ್ಮಾನ ಇದು ಅಂತ ಈಗಲೂ ಅನಿಸುತ್ತದೆ. ಕೇಸು ಚಿಕ್ಕದಾಯಿತು, ಆದರೆ ಗಟ್ಟಿಯಾಯಿತು.

ಯಾವ ಬಾಗಿಲು?

ಸಹಕಾರಿ ಸಂಸ್ಥೆಯ ವಿಷಯ ಬಂದಾಗ ಎಷ್ಟೋ ಜನ ಎಡವುವುದು ಇಲ್ಲೇ. ನಾಲ್ಕು ಬಾಗಿಲು ಕಾಣುತ್ತವೆ, ಮೂರು ಮುಚ್ಚಿರುತ್ತವೆ.

ಅವಳ ಜೊತೆಗಾರರಲ್ಲಿ ಒಬ್ಬ, ಅವನನ್ನು ರವಿ ಅನ್ನೋಣ, ಆಗಲೇ ಯಾರದೋ ಮಾತು ಕೇಳಿ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಮಿನಡಿ ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಮುಂದೆ ದಾವೆ ಹಾಕಿದ್ದ. ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ 1959ರದ್ದು. ಅದರ 70ನೇ ಕಲಮು ಸಂಘ ಮತ್ತು ಸದಸ್ಯರ ನಡುವಿನ ವಿವಾದಕ್ಕೆ. 2000ದಲ್ಲಿ ತಿದ್ದುಪಡಿಯಾದ ಮೇಲೆ ಸಂಘ ಮತ್ತು ನೌಕರರ ನಡುವಿನ ಸೇವಾ ವಿವಾದವೂ ಅಲ್ಲಿಗೆ ಹೋಗುತ್ತದೆ. ಆದರೆ ರವಿ ನೌಕರನೂ ಅಲ್ಲ, ಸದಸ್ಯನೂ ಅಲ್ಲ. ಡಿಸಿಸಿ ಬ್ಯಾಂಕಿನ ಸದಸ್ಯರು ಬಹುತೇಕ ಊರೂರಿನ ಸೊಸೈಟಿಗಳು. ಪರೀಕ್ಷೆ ಬರೆದ ಅಭ್ಯರ್ಥಿ ಹೊರಗಿನವನೇ. ಅವನ ದಾವೆ ಆ ಕಾರಣಕ್ಕೇ ನಿಲ್ಲಲಿಲ್ಲ. ಅಷ್ಟರಲ್ಲಿ ಮೂರು ತಿಂಗಳು ಹೋಯಿತು. ಅದೇ ಬ್ಯಾಂಕಿನಲ್ಲಿ ವರ್ಷಗಟ್ಟಲೆ ದಿನಗೂಲಿ ಮಾಡಿದ ಕೆಲವು ಅಟೆಂಡರುಗಳು "ಹೊಸಬರನ್ನು ತಗೊಳ್ಳುವ ಮೊದಲು ನಮ್ಮನ್ನು ಕಾಯಂ ಮಾಡಿ" ಅಂತ 70ನೇ ಕಲಮಿನಡಿ ಹೋಗಿದ್ದರು. ಅವರಿಗೆ ಆ ಬಾಗಿಲು ಸರಿ. ಆದರೆ ಸುಪ್ರೀಂ ಕೋರ್ಟಿನ 2004ರ ಉಮಾರಾಣಿ ತೀರ್ಪು, ಅದೂ ತಮಿಳುನಾಡಿನ ಸಹಕಾರ ಸಂಘಗಳ ನೌಕರರದ್ದೇ, ಮತ್ತು ನಮ್ಮ ರಾಜ್ಯದಿಂದಲೇ ಹೋದ 2006ರ ಉಮಾದೇವಿ ತೀರ್ಪು ಬಂದ ಮೇಲೆ ಹಿಂಬಾಗಿಲಿನಿಂದ ಬಂದ ನೇಮಕ ಕಾಯಂ ಆಗುವುದು ತುಂಬಾ ಕಷ್ಟ. ಅವರ ಕಥೆ ಬೇರೆ, ಇಲ್ಲಿಗೆ ಬಿಡುತ್ತೇನೆ.

ಸಿವಿಲ್ ಕೋರ್ಟಿಗೆ ಹೋದರೆ? ಅದೇ ಕಾಯ್ದೆಯ 118ನೇ ಕಲಮು ಅಡ್ಡ ಬರುತ್ತದೆ. 125ನೇ ಕಲಮಿನ ಎರಡು ತಿಂಗಳ ನೋಟಿಸು ಬೇರೆ. ಕಾರ್ಮಿಕ ನ್ಯಾಯಾಲಯ ಇವಳಿಗೆ ಸಂಬಂಧವೇ ಇಲ್ಲ. ಉಳಿದದ್ದು ಹೈಕೋರ್ಟಿನ ರಿಟ್. ಅದಕ್ಕೂ ಒಂದು ದೊಡ್ಡ ಅಡ್ಡಗೋಡೆ ಇದೆ. ಸಹಕಾರಿ ಬ್ಯಾಂಕು ಸಂವಿಧಾನದ 12ನೇ ವಿಧಿಯ ಪ್ರಕಾರ "ರಾಜ್ಯ" ಅಲ್ಲ, ಅಂದರೆ ಸರ್ಕಾರವೂ ಅಲ್ಲ, ಅದರ ಅಂಗವೂ ಅಲ್ಲ, ಆದ್ದರಿಂದ ಅದರ ಮೇಲೆ ರಿಟ್ ನಡೆಯುವುದಿಲ್ಲ ಅಂತ ಬ್ಯಾಂಕಿನವರು ಹೇಳೇ ಹೇಳುತ್ತಾರೆ. ಹಿಮಾಚಲದ ಕಾಂಗ್ಡಾ ಕೇಂದ್ರ ಸಹಕಾರಿ ಬ್ಯಾಂಕಿನ ವಿಷಯದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟು ಕೊಟ್ಟ ಎಸ್.ಎಸ್. ರಾಣಾ ತೀರ್ಪು ಅವರ ಕೈಯಲ್ಲಿ ಸದಾ ಇರುತ್ತದೆ.

ಅದಕ್ಕೆ ನಾವು ಯೋಚಿಸಿದ್ದು ಹೀಗೆ. ಬ್ಯಾಂಕು ರಾಜ್ಯ ಅಲ್ಲದಿರಬಹುದು. ಆದರೆ ನಿಬಂಧಕರು ಸರ್ಕಾರಿ ಅಧಿಕಾರಿ. 1960ರ ಸಹಕಾರ ಸಂಘಗಳ ನಿಯಮಗಳಲ್ಲಿ ನೌಕರರ ಅರ್ಹತೆ, ನೇಮಕ, ಸೇವಾ ಷರತ್ತಿನ ಬಗ್ಗೆ 17 ಮತ್ತು 18ನೇ ನಿಯಮಗಳಿವೆ. ಈ ನೇಮಕಾತಿಗೆ ನಿಬಂಧಕರ ಇಲಾಖೆ ಅನುಮತಿ ಕೊಟ್ಟಿತ್ತು ಅಂತ ಅಧಿಸೂಚನೆಯಲ್ಲೇ ಬರೆದಿತ್ತು. ಹಾಗಿದ್ದ ಮೇಲೆ ಬ್ಯಾಂಕು ಆ ಅನುಮತಿಯ ಆಚೆ ಹೋಗಿದೆಯೇ, ಹೋಗಿದ್ದರೂ ಇಲಾಖೆ ಪಟ್ಟಿಯನ್ನು ಒಪ್ಪಿಕೊಂಡಿದೆಯೇ? ಒಪ್ಪಿಕೊಂಡಿದ್ದರೆ ಪ್ರಶ್ನೆ ಮಾಡಬೇಕಾದ್ದು ಮೊದಲು ಆ ಒಪ್ಪಿಗೆಯನ್ನು. ಆಗ ರಿಟ್ ನಡೆಯುವುದಿಲ್ಲ ಅನ್ನುವುದು ಅಷ್ಟು ಸುಲಭವಲ್ಲ.

ಇದಕ್ಕೆ ಕಾಗದ ಬೇಕಿತ್ತು.

ಹತ್ತು ರೂಪಾಯಿಯ ಅರ್ಜಿ

ಶಾರದಾ ಆಗಲೇ ಬ್ಯಾಂಕಿಗೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿದ್ದಳು. "ನಮಗೆ ಮಾಹಿತಿ ಹಕ್ಕು ಅನ್ವಯಿಸುವುದಿಲ್ಲ" ಅಂತ ಉತ್ತರ ಬಂದಿತ್ತು. 2013ರ ಅಕ್ಟೋಬರಿನಲ್ಲಿ ಕೇರಳದ ತಲಪ್ಪಾಲಂ ಸೇವಾ ಸಹಕಾರಿ ಬ್ಯಾಂಕಿನ ತೀರ್ಪು ಬಂದ ಮೇಲೆ ಸಹಕಾರಿ ಬ್ಯಾಂಕುಗಳು ಈ ಉತ್ತರ ಕೊಡುವುದು ಸಾಮಾನ್ಯವಾಗಿದೆ. ಸರ್ಕಾರದ ಗಣನೀಯ ಹಣಕಾಸು ನೆರವು ಇಲ್ಲದ ಸಹಕಾರ ಸಂಘ ಸಾರ್ವಜನಿಕ ಪ್ರಾಧಿಕಾರ ಅಲ್ಲ ಅಂತ ಆ ತೀರ್ಪು ಹೇಳುತ್ತದೆ. ಅದನ್ನು ನೋಡಿ ಅವಳು ಕೈಚೆಲ್ಲಿದ್ದಳು.

ಆದರೆ ಅದೇ ತೀರ್ಪಿನ ಇನ್ನೊಂದು ಭಾಗವನ್ನು ಬಹಳ ಜನ ಓದುವುದಿಲ್ಲ. ಸಹಕಾರ ಸಂಘಗಳ ನಿಬಂಧಕರು ಸಾರ್ವಜನಿಕ ಪ್ರಾಧಿಕಾರವೇ. ಕಾನೂನಿನ ಪ್ರಕಾರ ಅವರು ಸಂಘದಿಂದ ಪಡೆಯಬಹುದಾದ ಮಾಹಿತಿಯನ್ನು ನಾಗರಿಕರಿಗೆ ಕೊಡಬೇಕಾಗುತ್ತದೆ, ವಿನಾಯಿತಿ ಇರುವುದನ್ನು ಬಿಟ್ಟು. ನಾವು ಹೊಸ ಅರ್ಜಿಯನ್ನು ನಿಬಂಧಕರ ಇಲಾಖೆಗೆ ಹಾಕಿದೆವು. ಹತ್ತು ರೂಪಾಯಿ ಪೋಸ್ಟಲ್ ಆರ್ಡರ್. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಅದಕ್ಕಾಗಿ ಮೂರು ಬೇರೆ ಬೇರೆ ಅರ್ಜಿ ಮಾಡಿದೆವು. ಒಂದರಲ್ಲಿ ನೇಮಕಾತಿಗೆ ಕೊಟ್ಟ ಅನುಮತಿ ಪತ್ರ, ಇನ್ನೊಂದರಲ್ಲಿ ಆಯ್ಕೆ ಪಟ್ಟಿಯ ಜೊತೆ ಬ್ಯಾಂಕು ಕಳಿಸಿದ ದಾಖಲೆಗಳು, ಮೂರನೆಯದರಲ್ಲಿ ಪಟ್ಟಿಗೆ ಕೊಟ್ಟ ಒಪ್ಪಿಗೆ. ಯಾರ ಹೆಸರನ್ನೂ ಕೇಳಲಿಲ್ಲ, ಯಾರ ಉತ್ತರ ಪತ್ರಿಕೆಯನ್ನೂ ಕೇಳಲಿಲ್ಲ. ಮೂರನೆಯವರ ಖಾಸಗಿ ಮಾಹಿತಿ ಅನ್ನುವ ನೆಪಕ್ಕೆ ಜಾಗ ಕೊಡಬಾರದು ಅಂತ.

30 ದಿನ ಕಳೆದರೂ ಉತ್ತರ ಬರಲಿಲ್ಲ. ಮೊದಲ ಮೇಲ್ಮನವಿ ಹಾಕಿದೆವು. ಅದರ ವಿಚಾರಣೆಯ ದಿನವೇ ಕಾಗದ ಕೈಗೆ ಬಂತು. ಮೂವತ್ತು ಚಿಲ್ಲರೆ ಪುಟ.

ಆ ಮಧ್ಯಾಹ್ನ ನನಗೆ ಇನ್ನೂ ನೆನಪಿದೆ. ಅನುಮತಿ ಪತ್ರದಲ್ಲಿ 85 ಮತ್ತು 15 ಅಂತ ಇತ್ತು, ಕನಿಷ್ಠ ಅಂಕದ ಮಾತೇ ಇರಲಿಲ್ಲ. ಆಯ್ಕೆ ಪಟ್ಟಿಯ ಜೊತೆ ಬ್ಯಾಂಕು ಲಗತ್ತಿಸಿದ್ದ ನೇಮಕಾತಿ ಸಮಿತಿಯ ನಡವಳಿ ಸಿಕ್ಕಿತು. "ಸಂದರ್ಶನದಲ್ಲಿ ಶೇ. 50ಕ್ಕಿಂತ ಕಡಿಮೆ ಅಂಕ ಪಡೆದವರನ್ನು ಆಯ್ಕೆಗೆ ಪರಿಗಣಿಸತಕ್ಕದ್ದಲ್ಲ" ಎಂಬ ಅರ್ಥದ ಠರಾವು ಅದರಲ್ಲಿತ್ತು. ದಿನಾಂಕ ನೋಡಿದೆ. ಸಂದರ್ಶನ ಮೂರು ದಿನ ನಡೆದಿತ್ತು. ಠರಾವು ಆಗಿದ್ದು ನಾಲ್ಕನೇ ದಿನ.

ಅಂದರೆ ಯಾರಿಗೆ ಎಷ್ಟು ಅಂಕ ಬಂದಿದೆ ಅಂತ ಎಲ್ಲ ಗೊತ್ತಾದ ಮೇಲೆ ಗೆರೆ ಎಳೆದಿದ್ದರು. ಆ ಒಂದು ಗೆರೆಯಿಂದ ಹನ್ನೊಂದು ಜನ ಹೊರಗೆ ಹೋಗಿದ್ದರು. ಅವರಲ್ಲಿ ಐವರು, ಅಧಿಸೂಚನೆಯ ಲೆಕ್ಕ ಹಾಕಿದರೆ, ಪಟ್ಟಿಯೊಳಗೆ ಇರಬೇಕಾದವರು. ಶಾರದಾ ಆ ಪುಟವನ್ನು ಎರಡು ಸಲ ಓದಿ ಸುಮ್ನೆ ಕೂತಳು. ಸ್ವಲ್ಪ ಹೊತ್ತಾದ ಮೇಲೆ, "ಹಾಗಾದ್ರೆ ನಾನು ದಡ್ಡಿ ಅಲ್ಲ ಅಲ್ವಾ ಸರ್" ಅಂದಳು. ಅಷ್ಟು ದಿನ ಅವಳ ಮನಸ್ಸಲ್ಲಿ ಏನಿತ್ತು ಅಂತ ನನಗೆ ಆಗ ಗೊತ್ತಾಯಿತು.

ಐವರಲ್ಲಿ ಒಬ್ಬಳು

ಐವರೂ ಒಟ್ಟಿಗೆ ರಿಟ್ ಹಾಕಬೇಕಿತ್ತು. ಆಗಲಿಲ್ಲ.

ಒಬ್ಬನ ತಂದೆ ಸೊಸೈಟಿಯ ಕಾರ್ಯದರ್ಶಿ. ಬ್ಯಾಂಕಿನ ವಿರುದ್ಧ ಮಗ ಕೇಸು ಹಾಕಿದರೆ ಅಪ್ಪನ ಕೆಲಸಕ್ಕೆ ಕಷ್ಟ. ಇನ್ನೊಬ್ಬಳ ಅಣ್ಣ ಅದೇ ಬ್ಯಾಂಕಿನ ಶಾಖೆಯಲ್ಲಿ ಗುತ್ತಿಗೆಯ ಮೇಲಿದ್ದ. ಮೂರನೆಯವನಿಗೆ ಬೇರೆ ಪರೀಕ್ಷೆಯ ಫಲಿತಾಂಶ ಬರುವುದಿತ್ತು. ರವಿ 70ನೇ ಕಲಮಿನ ದಾವೆಗೇ ಕೈಯಲ್ಲಿದ್ದ ದುಡ್ಡು ಕಳೆದುಕೊಂಡಿದ್ದ. "ಮೊದಲು ಇವಳ ಕೇಸು ಏನಾಗುತ್ತೆ ನೋಡೋಣ ಸರ್, ಗೆದ್ದರೆ ನಮಗೂ ಅದೇ ಸಿಗುತ್ತೆ ತಾನೆ" ಅಂದ. ಕಾಯುವುದು ಅಪಾಯ ಅಂತ ಹೇಳಿದೆ. ಆದರೆ ಒತ್ತಿ ಹೇಳಲಿಲ್ಲ. ಫೀಸು ಬೇಡ, ಸಹಿ ಮಾಡು ಅಂತ ಅವತ್ತೇ ಕೂರಿಸಿ ಹೇಳಬೇಕಿತ್ತು. ಅದು ನನ್ನ ತಪ್ಪು, ಅದರ ಭಾರ ನನ್ನ ಮೇಲೆ ಇನ್ನೂ ಇದೆ.

ಶಾರದಾಳ ಅಪ್ಪನಿಗೂ ಹೆದರಿಕೆ ಇತ್ತು. "ಬೆಳೆ ಸಾಲ ಅಲ್ಲೇ ಇದೆ ಸರ್. ಮುಂದಿನ ವರ್ಷ ನವೀಕರಣಕ್ಕೆ ಹೋದಾಗ ಏನಾದ್ರೂ ಅಂದ್ರೆ?" ಅಂದರು. ಸುಳ್ಳು ಧೈರ್ಯ ಹೇಳಲು ನನಗೆ ಮನಸ್ಸಾಗಲಿಲ್ಲ. ಸಾಲದ ಕಂತು ಒಂದು ದಿನವೂ ತಪ್ಪದ ಹಾಗೆ ಕಟ್ಟಿ, ರಸೀದಿ ಎಲ್ಲ ಇಟ್ಟುಕೊಳ್ಳಿ, ಅದರಲ್ಲಿ ತೊಂದರೆ ಮಾಡಿದರೆ ಅದನ್ನೂ ಕೋರ್ಟಿನ ಗಮನಕ್ಕೆ ತರೋಣ ಅಂದೆ. ಅವರು ಹಾಗೇ ನಡೆದುಕೊಂಡರು. ಸಾಲದಲ್ಲಿ ಯಾರೂ ತೊಂದರೆ ಕೊಡಲಿಲ್ಲ, ಅದನ್ನೂ ಹೇಳಬೇಕು.

ರಿಟ್ ಹಾಕುವಾಗ ನಾವೇ ಒಂದು ತಪ್ಪು ಮಾಡಿದೆವು. ನಿಬಂಧಕರು, ಬ್ಯಾಂಕು, ನೇಮಕಾತಿ ಸಮಿತಿ ಇಷ್ಟನ್ನೇ ಪ್ರತಿವಾದಿ ಮಾಡಿದ್ದೆವು. ಆಯ್ಕೆಯಾದವರನ್ನು ಸೇರಿಸಿರಲಿಲ್ಲ. ಆಯ್ಕೆಯಾದವರ ಮಾತು ಕೇಳದೆ ಅವರ ಪಟ್ಟಿಯನ್ನು ಮುಟ್ಟಬಾರದು ಅನ್ನುವುದು 1984ರ ಪ್ರಬೋಧ್ ವರ್ಮಾ ತೀರ್ಪಿನಿಂದ ಬಂದ ಹಳೆಯ ಮಾತು. ಬ್ಯಾಂಕಿನ ವಕೀಲರು ಮೊದಲ ದಿನವೇ ಅದನ್ನು ಎತ್ತಿದರು. ಅವಳ ವರ್ಗದಲ್ಲಿ ಆಯ್ಕೆಯಾದವರನ್ನು ಸೇರಿಸಲು ಅರ್ಜಿ, ವಿಳಾಸ ಸಿಗದೆ ಅಲೆದಾಟ, ನೋಟಿಸು ಜಾರಿ, ಇದಕ್ಕೇ ಐದು ತಿಂಗಳು ಹೋಯಿತು.

ಒಂದು ಹುದ್ದೆ ಖಾಲಿ ಇರಲಿ

ಮಧ್ಯಂತರ ಆದೇಶದಲ್ಲಿ ಏನು ಕೇಳಬೇಕು ಅನ್ನುವುದರ ಮೇಲೆ ನಮ್ಮಲ್ಲೇ ಜಗಳವಾಯಿತು. ಇಡೀ ನೇಮಕಾತಿಗೇ ತಡೆಯಾಜ್ಞೆ ಕೇಳಿ ಅಂತ ಹೊರಗಿನಿಂದ ತುಂಬಾ ಒತ್ತಡ. ಒಂದು ಸಂಘಟನೆಯವರು ಪತ್ರಿಕೆಗೆ ಹೇಳಿಕೆಯನ್ನೂ ಕೊಟ್ಟಿದ್ದರು.

ಆ ವಾರ ನನಗೊಂದು ಫೋನ್ ಬಂತು. ಆಯ್ಕೆಯಾದ ಒಬ್ಬ ಹುಡುಗ. ಬೇರೆ ವರ್ಗದವನು, ನಮ್ಮ ಪ್ರತಿವಾದಿ ಅಲ್ಲ. ಬೆಂಗಳೂರಲ್ಲಿ ಮಾಡುತ್ತಿದ್ದ ಕೆಲಸ ಬಿಟ್ಟು ಬಂದಿದ್ದ. ಲಿಖಿತದಲ್ಲಿ ಅವನಿಗೆ ಶಾರದಾಗಿಂತ ಜಾಸ್ತಿ ಅಂಕ ಇತ್ತು. "ಸರ್, ನಾನು ಓದಿ ಪಾಸಾಗಿದ್ದೀನಿ. ನನ್ನ ಕೆಲಸನೂ ಹೋಗುತ್ತಾ?" ಅಂತ ಕೇಳಿದ. ಎದುರು ಪಕ್ಷದ ಕಡೆಯವನ ಜೊತೆ ಕೇಸಿನ ವಿಷಯ ನಾನು ಮಾತಾಡುವ ಹಾಗಿಲ್ಲ, ನಿನ್ನ ವಕೀಲರನ್ನು ಕೇಳು ಅಂತ ಹೇಳಿ ಫೋನ್ ಇಟ್ಟೆ. ಆದರೆ ಆ ರಾತ್ರಿ ನಿದ್ದೆ ಬರಲಿಲ್ಲ. ಠರಾವು ತಪ್ಪು, ಸರಿ. ಅದಕ್ಕಾಗಿ ಐವತ್ತಕ್ಕೂ ಹೆಚ್ಚು ಮನೆಗಳ ಅನ್ನ ನಿಲ್ಲಿಸಬೇಕೇ? ಪೂರ್ತಿ ಪ್ರಕ್ರಿಯೆಯೇ ಕೊಳೆತಿದ್ದರೆ ಪಟ್ಟಿ ರದ್ದಾಗಬೇಕು, ಅದು ಬೇರೆ ಮಾತು. ನಮ್ಮಲ್ಲಿ ಕಳಂಕವನ್ನು ಬಿಡಿಸಿ ತೆಗೆಯಲು ಸಾಧ್ಯವಿತ್ತು. ಹನ್ನೊಂದು ಜನ, ಒಂದು ಠರಾವು, ಒಂದು ದಿನಾಂಕ.

ಮರುದಿನ ಶಾರದಾಳನ್ನು ಕರೆದು ಎರಡೂ ದಾರಿಯನ್ನು ಹೇಳಿದೆ. ಅವಳೇ ಹೇಳಿದಳು, "ನನ್ನದು ನನಗೆ ಸಿಕ್ಕರೆ ಸಾಕು ಸರ್, ಬೇರೆಯವರದ್ದು ಕೀಳೋದು ಬೇಡ."

ನಾವು ಕೇಳಿದ್ದು ಎರಡೇ: ಅವಳ ವರ್ಗದಲ್ಲಿ ಒಂದು ಹುದ್ದೆ ಖಾಲಿ ಇರಲಿ, ನೇಮಕಗಳು ಅಂತಿಮ ತೀರ್ಪಿಗೆ ಒಳಪಟ್ಟಿರಲಿ. ಒಬ್ಬರು ಕೆಲಸಕ್ಕೆ ಸೇರದೆ ಬಿಟ್ಟಿದ್ದರಿಂದ ಒಂದು ಹುದ್ದೆ ಹೇಗೂ ಉಳಿದಿತ್ತು. ನ್ಯಾಯಮೂರ್ತಿಗಳು ಹತ್ತು ನಿಮಿಷದಲ್ಲಿ ಆದೇಶ ಕೊಟ್ಟರು. ಪೂರ್ತಿ ತಡೆ ಕೇಳಿದ್ದರೆ ಅದು ಸಿಗುತ್ತಿರಲಿಲ್ಲ, ಈ ಹುದ್ದೆಯೂ ಕಾಯುವ ಪಟ್ಟಿಯವರಿಗೆ ಹೋಗಿ ಮುಗಿಯುತ್ತಿತ್ತು ಅಂತ ನನ್ನ ನಂಬಿಕೆ. ಇಡೀ ಪ್ರಕರಣ ನಿಂತಿದ್ದು ಈ ಆದೇಶದ ಮೇಲೆ.

ವಾದ

ಬ್ಯಾಂಕಿನ ವಕೀಲರು ಹಿರಿಯರು, ಚೆನ್ನಾಗಿಯೇ ವಾದ ಮಾಡಿದರು. ಅವರ ಮಾತಿನಲ್ಲಿ ತೂಕವಿತ್ತು. ರಿಟ್ ನಡೆಯುವುದಿಲ್ಲ ಅನ್ನುವುದು ಮೊದಲನೆಯದು. ನಾವು ಪ್ರಶ್ನಿಸಿದ್ದು ನಿಬಂಧಕರ ಇಲಾಖೆಯ ಒಪ್ಪಿಗೆಯನ್ನು, ಅದು ತಾನೇ ಕೊಟ್ಟ ಅನುಮತಿಗೆ ವಿರುದ್ಧ ಅಂತ ತೋರಿಸಿದ್ದರಿಂದ ಆ ವಾದ ನಿಲ್ಲಲಿಲ್ಲ.

ಎರಡನೆಯದು ಇನ್ನೂ ಅಪಾಯದ್ದು. ಸಂದರ್ಶನಕ್ಕೆ ತಕರಾರಿಲ್ಲದೆ ಹೋಗಿ, ಆಯ್ಕೆಯಾಗದ ಮೇಲೆ ಪ್ರಕ್ರಿಯೆ ಸರಿಯಿಲ್ಲ ಅನ್ನುವ ಹಾಗಿಲ್ಲ ಅಂತ 1995ರ ಮದನ್ ಲಾಲ್ ತೀರ್ಪು ಹೇಳುತ್ತದೆ. ಇದು ಒಳ್ಳೆಯ ನಿಯಮವೇ. ಇಲ್ಲದಿದ್ದರೆ ಸೋತವರೆಲ್ಲ ಕೋರ್ಟಿಗೆ ಬರುತ್ತಾರೆ. ಆದರೆ ನಿಯಮ ಗೊತ್ತಿದ್ದೂ ಸುಮ್ಮನಿದ್ದವರಿಗೆ ಅದು ಅನ್ವಯ. ಇಲ್ಲದ ನಿಯಮಕ್ಕೆ ತಕರಾರು ಹೇಗೆ ಎತ್ತುವುದು? ಇಲ್ಲಿ ಶಾರದಾ ಜೋಪಾನವಾಗಿಟ್ಟಿದ್ದ ಸಂದರ್ಶನದ ಕರೆಪತ್ರ ಕೆಲಸಕ್ಕೆ ಬಂತು. ಎರಡು ಪುಟ. ಏನೇನು ತರಬೇಕು, ಎಷ್ಟು ಗಂಟೆಗೆ ಬರಬೇಕು, ಸಂದರ್ಶನಕ್ಕೆ 15 ಅಂಕ, ಎಲ್ಲ ಇತ್ತು. ಕನಿಷ್ಠ ಅಂಕ ಇರಲಿಲ್ಲ. ನಾನು ಕೇಳಿದ ಉಳಿದ ನಾಲ್ವರಲ್ಲಿ ಮೂವರು ಆ ಪತ್ರವನ್ನು ಕಳೆದುಕೊಂಡಿದ್ದರು.

ಮೂರನೆಯದು ಕಾನೂನಿನ ಮುಖ್ಯ ಪ್ರಶ್ನೆ. ಆಟ ಶುರುವಾದ ಮೇಲೆ ಆಟದ ನಿಯಮ ಬದಲಿಸಬಾರದು ಅನ್ನುವುದಕ್ಕೆ ನಮ್ಮ ಆಧಾರ 2008ರ ಕೆ. ಮಂಜುಶ್ರೀ ತೀರ್ಪು. ಆಂಧ್ರದ ಜಿಲ್ಲಾ ನ್ಯಾಯಾಧೀಶರ ನೇಮಕಾತಿಯಲ್ಲಿ ಲಿಖಿತ, ಸಂದರ್ಶನ ಎರಡೂ ಮುಗಿದ ಮೇಲೆ ಸಂದರ್ಶನಕ್ಕೆ ಕನಿಷ್ಠ ಅಂಕ ತಂದಿದ್ದರು. ಸುಪ್ರೀಂ ಕೋರ್ಟು ಒಪ್ಪಲಿಲ್ಲ. ನಮ್ಮದು ಅದರ ಪಡಿಯಚ್ಚು. ಆದರೆ 2013ರಲ್ಲಿ ತೇಜ್ ಪ್ರಕಾಶ್ ಪಾಠಕ್ ಪ್ರಕರಣದಲ್ಲಿ ಮೂವರ ಪೀಠವೊಂದು ಮಂಜುಶ್ರೀ ತೀರ್ಪಿನ ಬಗ್ಗೆಯೇ ಅನುಮಾನ ಎತ್ತಿ ದೊಡ್ಡ ಪೀಠಕ್ಕೆ ಕಳಿಸಿತ್ತು. ನಮ್ಮ ವಾದ ನಡೆಯುವಾಗ ಆ ಪ್ರಶ್ನೆ ಇನ್ನೂ ತೀರ್ಮಾನವಾಗಿರಲಿಲ್ಲ. "ಅದು ಬರುವ ತನಕ ಇದನ್ನು ಬದಿಗಿಡಿ" ಅಂತ ಬ್ಯಾಂಕು ಕೇಳಿತು. ಒಪ್ಪಿದ್ದರೆ ಇನ್ನೆಷ್ಟು ವರ್ಷವೋ. ದೊಡ್ಡ ಪೀಠ ಬದಲಿಸುವ ತನಕ ಇರುವ ತೀರ್ಪೇ ತಮ್ಮನ್ನು ಕಟ್ಟಿಹಾಕುತ್ತದೆ ಅಂತ ನ್ಯಾಯಮೂರ್ತಿಗಳು ಮುಂದುವರಿಸಿದರು.

ಆ ಪ್ರಶ್ನೆಗೆ ಉತ್ತರ ಬಂದದ್ದು 2024ರ ನವೆಂಬರ್ 7ರಂದು, ಸಂವಿಧಾನ ಪೀಠದಿಂದ. ಮಂಜುಶ್ರೀ ತೀರ್ಪು ಸರಿ ಅಂತಾಯಿತು. ಆದರೆ ಅದರಲ್ಲೂ ಒಂದು ಸೂಕ್ಷ್ಮ ಇದೆ. ನಿಯಮ ಅಡ್ಡಿ ಬರದಿದ್ದರೆ, ಒಂದು ಹಂತ ಶುರುವಾಗುವ ಮೊದಲೇ ಆ ಹಂತಕ್ಕೆ ಮಾನದಂಡ ಗೊತ್ತು ಮಾಡಬಹುದು, ಅಭ್ಯರ್ಥಿಗೂ ಪರೀಕ್ಷಕರಿಗೂ ಅದು ದಿಢೀರ್ ಅಂತ ಬರಬಾರದು. ಅಂದರೆ ಈ ಬ್ಯಾಂಕು ಅದೇ ಗೆರೆಯನ್ನು ಸಂದರ್ಶನಕ್ಕೆ ಮೊದಲೇ ಎಳೆದು ಕರೆಪತ್ರದಲ್ಲಿ ಬರೆದಿದ್ದರೆ ನಮ್ಮ ಕೇಸು ತುಂಬಾ ಕಷ್ಟವಾಗುತ್ತಿತ್ತು. ಈಗ ಯಾರಾದರೂ ಇಂಥ ಪ್ರಶ್ನೆ ಹೊತ್ತು ಬಂದರೆ ನಾನು ಮೊದಲು ಕೇಳುವುದು ಅಂಕವನ್ನಲ್ಲ, ದಿನಾಂಕವನ್ನು.

ಏನಾಯಿತು

ಠರಾವು ಶಾರದಾಳ ಮಟ್ಟಿಗೆ ರದ್ದಾಯಿತು. ಅಧಿಸೂಚನೆಯ ಲೆಕ್ಕದಲ್ಲೇ ಅವಳನ್ನು ಪರಿಗಣಿಸಿ, ಖಾಲಿ ಇಟ್ಟ ಹುದ್ದೆಗೆ ಎಂಟು ವಾರದೊಳಗೆ ತೀರ್ಮಾನ ಮಾಡಿ ಅಂತ ಆದೇಶ. ಆಯ್ಕೆಯಾದ ಯಾರನ್ನೂ ಮುಟ್ಟಲಿಲ್ಲ. ಹಿಂದಿನ ಸಂಬಳ ಕೊಡಲಿಲ್ಲ. ಬ್ಯಾಂಕು ವಿಭಾಗೀಯ ಪೀಠಕ್ಕೆ ಮೇಲ್ಮನವಿ ಹಾಕಿತು. ಅದು ಬಾಕಿ ಇರುವಾಗಲೇ ಬ್ಯಾಂಕಿನ ಚುನಾವಣೆ ನಡೆದು ಹೊಸ ಮಂಡಳಿ ಬಂತು. ಅವರು ಮುಂದುವರಿಸುವುದು ಬೇಡ ಅಂತ ಠರಾವು ಮಾಡಿದರು. ಅಧಿಸೂಚನೆ ಬಂದ ದಿನದಿಂದ ಲೆಕ್ಕ ಹಾಕಿದರೆ ಮೂರು ವರ್ಷ ದಾಟಿದ ಮೇಲೆ ಶಾರದಾ ಕೆಲಸಕ್ಕೆ ಸೇರಿದಳು. ಜೊತೆಗೆ ಪರೀಕ್ಷೆ ಬರೆದವರಿಗಿಂತ ಜ್ಯೇಷ್ಠತೆಯಲ್ಲಿ ಹಿಂದೆ. ಅದಕ್ಕಾಗಿ ಇನ್ನೊಂದು ಹೋರಾಟ ಬೇಡ ಅಂದಳು.

ಉಳಿದ ನಾಲ್ವರಲ್ಲಿ ಮೂವರು ಅವಳ ತೀರ್ಪು ಬಂದ ಮೇಲೆ ರಿಟ್ ಹಾಕಿದರು. ಅವರದ್ದೂ ಅದೇ ಠರಾವು, ಅದೇ ಅನ್ಯಾಯ. ಆದರೆ ಖಾಲಿ ಹುದ್ದೆ ಇರಲಿಲ್ಲ. ಬೇಲಿಯ ಮೇಲೆ ಕೂತು ಬೇರೆಯವರ ಗೆಲುವು ನೋಡಿಕೊಂಡು ಬಂದವರಿಗೆ ಅದೇ ಪರಿಹಾರ ಸಿಗುವುದಿಲ್ಲ ಅಂತ 2014ರ ಅರವಿಂದ ಕುಮಾರ್ ಶ್ರೀವಾಸ್ತವ ತೀರ್ಪಿದೆ. ತಡ ಮಾಡಿದ ಕಾರಣಕ್ಕೆ ಅರ್ಜಿಗಳು ವಜಾ ಆದವು. ಅವರಲ್ಲಿ ರವಿಯೂ ಒಬ್ಬ. ಅವನ ಲಿಖಿತ ಅಂಕ ಶಾರದಾಗಿಂತ ಎರಡು ಜಾಸ್ತಿ ಇತ್ತು.

ಕಳೆದ ತಿಂಗಳು ಅದೇ ಬ್ಯಾಂಕು ಹೊಸ ಅಧಿಸೂಚನೆ ಹೊರಡಿಸಿತು. ಆಯ್ಕೆ ವಿಧಾನದ ಪುಟದಲ್ಲಿ ಒಂದು ಹೊಸ ಸಾಲು ಸೇರಿದೆ: ಸಂದರ್ಶನಕ್ಕೆ ಕನಿಷ್ಠ ಅಂಕ ನಿಗದಿಪಡಿಸಿರುವುದಿಲ್ಲ. ಅದನ್ನು ನನಗೆ ಮೊಬೈಲಿಗೆ ಕಳಿಸಿದ್ದು ರವಿ. ಆಮೇಲೆ ಫೋನ್ ಮಾಡಿದ. ಅವನ ವರ್ಗಕ್ಕೆ ವಯೋಮಿತಿ 38. ಅವನಿಗೆ 39 ನಡೆಯುತ್ತಿದೆ. ಏನಾದರೂ ಸಡಿಲಿಕೆ ಇದೆಯಾ ನೋಡಿ ಸರ್ ಅಂದ. ನಾನು ಪೂರ್ತಿ ಓದಿ ನೋಡಿದೆ, ಇರಲಿಲ್ಲ. ಹಾಗಂತ ಹೇಳಿದೆ. ಸ್ವಲ್ಪ ಹೊತ್ತು ಅವನು ಏನೂ ಮಾತಾಡಲಿಲ್ಲ. ಆಮೇಲೆ, "ತಂಗಿ ಹತ್ರ ಹಾಕಿಸ್ತೀನಿ ಸರ್. ಕರೆಪತ್ರ, ಓಎಂಆರ್ ಪ್ರತಿ ಎಲ್ಲ ಒಂದು ಫೈಲಲ್ಲಿ ಇಡು ಅಂತ ಈಗ್ಲೇ ಹೇಳಿದೀನಿ" ಅಂದ.